ಪಟ್ಟಿಯ ಮುಂದಿನ ಹೆಸರು

ಮೂರು ತಿಂಗಳ ಹಿಂದೆ ಒಂದು ಸಂಜೆ ಆನೆಗೊಂದಿಯ ನಮ್ಮ ಮನೆಯ ಕಟ್ಟೆಗೆ ನೆರೆಯವರೊಬ್ಬರು ಬಂದು ಕುಳಿತರು. ಸೇವೆಯಿಂದ ನಿವೃತ್ತನಾಗಿ ಊರಿಗೆ ಮರಳಿದ ಮೇಲೆ ಇಂಥ ಭೇಟಿಗಳು ನನಗೆ ರೂಢಿಯಾಗಿವೆ. ಪಹಣಿಯಲ್ಲಿ ಹೆಸರು ತಪ್ಪಾಗಿದೆ, ವೃದ್ಧಾಪ್ಯ ವೇತನ ನಿಂತಿದೆ, ಮನೆಗೊಂದು ಕೋಣೆ ಸೇರಿಸಲು ಪರಂಪರೆ ಪ್ರಾಧಿಕಾರದ ಅನುಮತಿ ಬೇಕಾಗಿದೆ ಎಂಬಂಥ ಕೆಲಸಗಳಿಗೆ ಜನ ಬರುತ್ತಾರೆ. ನಾನು ಅರ್ಜಿ ಬರೆದುಕೊಡುತ್ತೇನೆ. ಆ ಸಂಜೆಯ ವಿಷಯ ಬೇರೆಯಾಗಿತ್ತು. ಅವರ ಮಗ ಪಿಯುಸಿ ಮುಗಿಸಿ ನಾಲ್ಕು ವರ್ಷಗಳಾಗಿವೆ. ಪೇಟೆಯಲ್ಲಿ ಒಬ್ಬ ದಲ್ಲಾಳಿ ಸಿಕ್ಕಿದ್ದಾನೆ. ಹೊರರಾಜ್ಯದ ಯಾವುದೋ ಮುಕ್ತ ಶಾಲೆಯ ಹೆಸರಿನಲ್ಲಿ ನೂರಕ್ಕೆ ತೊಂಬತ್ತಕ್ಕೂ ಮೇಲ್ಪಟ್ಟ ಅಂಕಗಳ ಪಟ್ಟಿಯನ್ನು ತರಿಸಿಕೊಟ್ಟು, ಮುಂದಿನ ನೇಮಕಾತಿಯಲ್ಲಿ ಕೆಲಸವನ್ನೂ ಕೊಡಿಸುತ್ತಾನಂತೆ. ಅವನು ಕೇಳುವ ಹಣಕ್ಕೆ ಎರಡು ಎಕರೆ ಗದ್ದೆ ಮಾರಬೇಕು. ವಿಜಯನಗರದ ಕಾಲದ ಕಾಲುವೆಯ ನೀರುಣ್ಣುವ ಗದ್ದೆ. ಇಷ್ಟು ಹೇಳಿ ಅವರು ಧ್ವನಿ ತಗ್ಗಿಸಿ ಕೇಳಿದರು: "ಕಾಕಾ, ಸಿಕ್ಕಿಬಿದ್ರ ಏನಾಗ್ತೈತ್ರಿ?"

ಇದು ಸರಿಯೋ ತಪ್ಪೋ ಎಂದು ಅವರು ಕೇಳಲಿಲ್ಲ. ಸಿಕ್ಕಿಬೀಳುವ ಸಂಭವ ಎಷ್ಟು, ಬಿದ್ದರೆ ನಷ್ಟ ಎಷ್ಟು ಎಂದು ಕೇಳಿದರು. ಅರ್ಥಶಾಸ್ತ್ರ ಓದಿದ ನನಗೆ ಆ ಪ್ರಶ್ನೆ ಅಪರಿಚಿತವೇನಲ್ಲ. ಅಮೆರಿಕದ ಗ್ಯಾರಿ ಬೆಕರ್ 1968ರಲ್ಲಿ ಅಪರಾಧ ಮತ್ತು ಶಿಕ್ಷೆಯ ಕುರಿತು ಬರೆದ ಪ್ರಬಂಧದಲ್ಲಿ ಇದೇ ಲೆಕ್ಕವನ್ನು ಗಣಿತದ ಭಾಷೆಯಲ್ಲಿ ಮಾಡಿದ್ದಾರೆ. ಬೆಕರ್ ಅವರನ್ನು ಓದದ ರೈತನೊಬ್ಬ ನಮ್ಮ ಕಟ್ಟೆಯ ಮೇಲೆ ಕುಳಿತು ಅದನ್ನೇ ಮಾಡುತ್ತಿದ್ದ. ಬೇಡವೆಂದು ಆಗಲೇ ಹೇಳಿದೆ. ಆದರೆ ಏಕೆ ಬೇಡ ಎಂಬುದನ್ನು ನ್ಯಾಯವಾಗಿ ವಿವರಿಸಲು ಆ ಒಂದು ಸಂಜೆ ಸಾಲಲಿಲ್ಲ.

ಖೊಟ್ಟಿ ದಾಖಲೆ ನಮ್ಮ ಭಾಗಕ್ಕೆ ಹೊಸತಲ್ಲ. ವಿಜಯನಗರದ ಸ್ಥಾಪನೆಯ ವರ್ಷವೆಂದು ಶಾಲೆಯಲ್ಲಿ ಕಲಿಸುವ 1336ರ ಕಾಲದ್ದೆಂದು ಹೇಳಿಕೊಳ್ಳುವ ಕೆಲವು ತಾಮ್ರಶಾಸನಗಳನ್ನು ವಿದ್ವಾಂಸರು ಕೂಟಶಾಸನಗಳೆಂದು, ಎಂದರೆ ಮುಂದೆ ಯಾರೋ ಸೃಷ್ಟಿಸಿದವೆಂದು, ಶಂಕಿಸಿದ್ದಾರೆ. ಬ್ರಿಟಿಷರ ಕಾಲದಲ್ಲಿ ಬಾಂಬೆ ಪ್ರಾಂತ್ಯದ ಸಿವಿಲ್ ಸೇವೆಯಲ್ಲಿದ್ದ ಜೆ.ಎಫ್. ಫ್ಲೀಟ್ ಇಂಥ ಶಾಸನಗಳ ಒಂದು ಪಟ್ಟಿಯನ್ನೇ ಪ್ರಕಟಿಸಿದ್ದರು. ಲಿಪಿ ಒಂದು ಶತಮಾನದ್ದು, ಹೇಳಿದ ರಾಜ ಇನ್ನೊಂದು ಶತಮಾನದವನು. ಬರೆದ ತಿಥಿಗೂ ವಾರಕ್ಕೂ ಹೊಂದಾಣಿಕೆಯಿಲ್ಲ. ಸಾಮಾನ್ಯವಾಗಿ ಸಿಕ್ಕಿಬೀಳುವುದು ಹೀಗೆಯೇ. ಮನುಸ್ಮೃತಿ ಕೂಟಶಾಸನ ಮಾಡಿದವನಿಗೆ ಮರಣದಂಡನೆಯನ್ನೇ ವಿಧಿಸಿದೆ. ಅಷ್ಟಾದರೂ ಕೂಟಶಾಸನಗಳು ಹುಟ್ಟುತ್ತಲೇ ಇದ್ದವು ಎಂಬುದನ್ನು ಶಿಕ್ಷೆಯನ್ನು ಮಾತ್ರ ನಂಬುವವರು ಗಮನಿಸಬೇಕು. ಅಂದು ಜನ ಭೂಮಿಗಾಗಿ ತಾಮ್ರಪಟ ಕೆತ್ತಿಸಿದರು. ಇಂದು ಭೂಮಿಯನ್ನು ಮಾರಿ ಅಂಕಪಟ್ಟಿ ಮುದ್ರಿಸುತ್ತಾರೆ. ನಮ್ಮ ಹಳ್ಳಿಗಳಲ್ಲಿ ಸರ್ಕಾರಿ ನೌಕರಿಯ ಬೆಲೆ ಎಲ್ಲಿಗೆ ಏರಿದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸೂಚ್ಯಂಕ ನನಗೆ ಗೊತ್ತಿಲ್ಲ.

ಈಚಿನ ದೊಡ್ಡ ಪ್ರಕರಣ ನಮ್ಮ ರಾಜ್ಯದ್ದೇ. ಜಲಸಂಪನ್ಮೂಲ ಇಲಾಖೆ 2022ರಲ್ಲಿ ದ್ವಿತೀಯ ದರ್ಜೆ ಸಹಾಯಕರ 182 ಬ್ಯಾಕ್‌ಲಾಗ್ ಹುದ್ದೆಗಳಿಗೆ ಅರ್ಜಿ ಕರೆಯಿತು. ಬಂದ ಅಂಕಪಟ್ಟಿಗಳಲ್ಲಿ ಹಲವು ನಕಲಿ ಎಂಬ ದೂರಿನ ಮೇಲೆ ತನಿಖೆ ನಡೆಸಿದ ಬೆಂಗಳೂರಿನ ಸಿಸಿಬಿ ಪೊಲೀಸರು 2024ರ ಆಗಸ್ಟ್‌ನಲ್ಲಿ 48 ಜನರನ್ನು ಬಂಧಿಸಿದರು. ಅವರಲ್ಲಿ 37 ಮಂದಿ ಅಭ್ಯರ್ಥಿಗಳು, 11 ಮಂದಿ ಮಧ್ಯವರ್ತಿಗಳು ಎಂದು ಪ್ರಕಟವಾಯಿತು. ಅಪರಾಧ ಸಾಬೀತಾಗುವವರೆಗೂ ಅವರು ಆರೋಪಿಗಳು ಮಾತ್ರ. ಆದರೆ ಬ್ಯಾಕ್‌ಲಾಗ್ ಎಂಬ ಮಾತನ್ನು ನಾವು ಒಂದು ಕ್ಷಣ ನಿಂತು ಓದಬೇಕು. ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡಗಳಿಗೆ ಮೀಸಲಾಗಿ, ವರ್ಷಗಟ್ಟಲೆ ಭರ್ತಿಯಾಗದೆ ಉಳಿದ ಹುದ್ದೆಗಳವು. ಅಲ್ಲಿ ಒಂದು ನಕಲಿ ಅಂಕಪಟ್ಟಿ ಗೆದ್ದರೆ ಸೋಲುವವನು ಆ ಸಮುದಾಯಗಳದ್ದೇ ಇನ್ನೊಬ್ಬ ಹುಡುಗ. ಎಪ್ಪತ್ತೋ ಎಂಬತ್ತೋ ಅಂಕಗಳನ್ನು ತಾನೇ ಓದಿ ಗಳಿಸಿದವನು.

ನೆರೆಯವರ ಪ್ರಶ್ನೆಗೆ ಬರುತ್ತೇನೆ. ಸಿಕ್ಕಿಬಿದ್ದರೆ ಮೊದಲನೆಯದು ಕ್ರಿಮಿನಲ್ ಮೊಕದ್ದಮೆ. 2024ರ ಜುಲೈ 1ಕ್ಕಿಂತ ಮುಂಚಿನ ಕೃತ್ಯಕ್ಕೆ ಹಳೆಯ ಭಾರತೀಯ ದಂಡ ಸಂಹಿತೆಯ 420, 468, 471ನೆಯ ಕಲಮುಗಳು. ಅನಂತರದ್ದಕ್ಕೆ ಭಾರತೀಯ ನ್ಯಾಯ ಸಂಹಿತೆಯ 318, 336, 340ನೆಯ ಕಲಮುಗಳು. ಅಂಕಿ ಬದಲಾಗಿದ್ದರೂ ತಿರುಳು ಬದಲಾಗಿಲ್ಲ. ವಂಚನೆಗೆ ಏಳು ವರ್ಷಗಳವರೆಗೆ ಸೆರೆ, ವಂಚಿಸುವ ಉದ್ದೇಶದಿಂದ ದಾಖಲೆ ಸೃಷ್ಟಿಸಿದ್ದಕ್ಕೆ ಏಳು ವರ್ಷಗಳವರೆಗೆ ಸೆರೆ, ಮತ್ತು ನಕಲಿ ಎಂದು ಗೊತ್ತಿದ್ದೂ ಅದನ್ನು ಅಸಲಿಯೆಂದು ಬಳಸಿದವನಿಗೆ ಸೃಷ್ಟಿಸಿದವನಿಗೆ ಸಮನಾದ ಶಿಕ್ಷೆ. "ನಾನೇನು ಮುದ್ರಿಸಿದೆನೇ, ದಲ್ಲಾಳಿ ಕೊಟ್ಟಿದ್ದನ್ನು ಲಗತ್ತಿಸಿದೆ" ಎಂಬ ಸಮರ್ಥನೆ ಅಲ್ಲಿಗೆ ಬಿದ್ದುಹೋಗುತ್ತದೆ. ಇನ್ನೊಂದು ಸಂಗತಿ ಬಹಳ ಜನರಿಗೆ ಗೊತ್ತಿಲ್ಲ. ಮೂರು ವರ್ಷಕ್ಕಿಂತ ಹೆಚ್ಚು ಸೆರೆವಾಸ ವಿಧಿಸಬಹುದಾದ ಅಪರಾಧಗಳಿಗೆ ಮೊಕದ್ದಮೆ ಹೂಡಲು ನಮ್ಮ ಕಾನೂನಿನಲ್ಲಿ ಕಾಲಮಿತಿಯೇ ಇಲ್ಲ. ಇಪ್ಪತ್ತೈದನೆಯ ವಯಸ್ಸಿನಲ್ಲಿ ಸಲ್ಲಿಸಿದ ಕಾಗದ ಐವತ್ತೈದನೆಯ ವಯಸ್ಸಿನಲ್ಲೂ ಬಾಗಿಲು ತಟ್ಟಬಹುದು.

ಸೆರೆವಾಸಕ್ಕಿಂತ ಖಚಿತವಾದದ್ದು ನೌಕರಿಯ ನಾಶ. ಇಲ್ಲಿ ಸುಪ್ರೀಂ ಕೋರ್ಟ್‌ನ ನಿಲುವು ಕಠಿಣವಾದದ್ದು. ಕೇರಳದ ಆರ್. ವಿಶ್ವನಾಥ ಪಿಳ್ಳೈ ಅವರ ಪ್ರಕರಣದಲ್ಲಿ 2004ರ ಜನವರಿಯಲ್ಲಿ ಬಂದ ತೀರ್ಪನ್ನು ಪ್ರತಿಯೊಬ್ಬ ಅಭ್ಯರ್ಥಿಯೂ ಓದಬೇಕು. ಪರಿಶಿಷ್ಟ ಜಾತಿಯ ಪ್ರಮಾಣಪತ್ರದ ಮೇಲೆ ಪೊಲೀಸ್ ಇಲಾಖೆ ಸೇರಿ ಐಪಿಎಸ್‌ವರೆಗೆ ಏರಿದ ಅಧಿಕಾರಿ ಅವರು. ಆ ಜಾತಿಗೆ ಅವರು ಸೇರಿದವರಲ್ಲ ಎಂದು ಪರಿಶೀಲನಾ ಸಮಿತಿ ತೀರ್ಮಾನಿಸಿದ ಮೇಲೆ ವಜಾ ಆದರು. ಸಂವಿಧಾನದ 311ನೆಯ ವಿಧಿಯ ರಕ್ಷಣೆ ತಮಗಿದೆ ಎಂಬುದು ಅವರ ವಾದ. ವಂಚನೆಯಿಂದ ಪಡೆದ ನೇಮಕಾತಿ ಕಾನೂನಿನ ಕಣ್ಣಿಗೆ ನೇಮಕಾತಿಯೇ ಅಲ್ಲ, ಆದ್ದರಿಂದ ಹುದ್ದೆಯ ರಕ್ಷಣೆಯ ಪ್ರಶ್ನೆಯೇ ಹುಟ್ಟದು ಎಂಬುದು ನ್ಯಾಯಾಲಯದ ಉತ್ತರ. ಸುಮಾರು 27 ವರ್ಷ ದುಡಿದಿದ್ದಾರೆ, ವಜಾವನ್ನು ಕಡ್ಡಾಯ ನಿವೃತ್ತಿಯಾಗಿಸಿ ಪಿಂಚಣಿಯನ್ನಾದರೂ ಉಳಿಸಿ ಎಂದು ವಕೀಲರು ಬೇಡಿಕೊಂಡರು. ನ್ಯಾಯಾಲಯ ಅದಕ್ಕೂ ಒಪ್ಪಲಿಲ್ಲ. ಅದೇ ತೀರ್ಪಿನಲ್ಲಿ, ಇಂಜಿನಿಯರಿಂಗ್ ಓದುತ್ತಿದ್ದ ಅವರ ಮಗನ ಪದವಿಯನ್ನು ಮಾತ್ರ ಉಳಿಸಲಾಯಿತು. ಆದರೆ ಮುಂದೆಂದೂ ಪರಿಶಿಷ್ಟ ಜಾತಿಯ ಸೌಲಭ್ಯ ಪಡೆಯುವಂತಿಲ್ಲ ಎಂಬ ಷರತ್ತಿನೊಂದಿಗೆ.

ನಡುವೆ ಕೆಲವು ತೀರ್ಪುಗಳು ಸ್ವಲ್ಪ ಮೃದುವಾದದ್ದುಂಟು. 2017ರ ಜುಲೈನಲ್ಲಿ ಭಾರತೀಯ ಆಹಾರ ನಿಗಮದ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಆ ಬಾಗಿಲನ್ನೂ ಮುಚ್ಚಿತು. ದೀರ್ಘ ಸೇವೆ ಸುಳ್ಳು ಪ್ರಮಾಣಪತ್ರವನ್ನು ಶುದ್ಧಗೊಳಿಸುವುದಿಲ್ಲ. ಅಪ್ರಾಮಾಣಿಕ ಉದ್ದೇಶ ಸಾಬೀತಾಗದಿದ್ದರೂ ಪಡೆದ ಸೌಲಭ್ಯವನ್ನು ಹಿಂದಕ್ಕೆ ಪಡೆಯಬಹುದು ಎಂಬುದು ಅದರ ಸಾರ.

ಓದುಗರಿಗೆ ಇಲ್ಲೊಂದು ಸಂಶಯ ಬರಬಹುದು. ನೇಮಕಾತಿಯೇ ಇರಲಿಲ್ಲವೆಂದಾದರೆ ಆ ಮನುಷ್ಯ ಇಪ್ಪತ್ತು ವರ್ಷ ಮಾಡಿದ ಸಹಿಗಳ ಗತಿಯೇನು, ಅವನು ಕೊಟ್ಟ ಖಾತೆ, ಹೊರಡಿಸಿದ ಆದೇಶಗಳು ಬಿದ್ದುಹೋಗುತ್ತವೆಯೇ? ಇಲ್ಲ. 1981ರಲ್ಲಿ ಆಂಧ್ರಪ್ರದೇಶದ ಕೆಲವು ನ್ಯಾಯಾಧೀಶರ ನೇಮಕಾತಿ ಅಸಿಂಧುವಾದಾಗ, ಅವರು ನೀಡಿದ ತೀರ್ಪುಗಳು ಊರ್ಜಿತವೆಂದು ಸುಪ್ರೀಂ ಕೋರ್ಟ್ ಹೇಳಿತು. ಕುರ್ಚಿಯನ್ನು ನಂಬಿ ಬಂದ ಸಾರ್ವಜನಿಕರು ಕುಳಿತವನ ತಪ್ಪಿಗೆ ದಂಡ ತೆರಬೇಕಾಗಿಲ್ಲ. ನಮ್ಮ ಆಡಳಿತ ಕಾನೂನಿನಲ್ಲಿ ನನಗೆ ಬಹಳ ಪ್ರಿಯವಾದ ತತ್ವ ಇದು.

ಖೊಟ್ಟಿ ದಾಖಲೆಗೂ ಸರ್ಕಾರವೇ ಮಾಡಿದ ತಪ್ಪಿಗೂ ಇರುವ ಅಂತರವನ್ನು ನ್ಯಾಯಾಲಯ ಮರೆತಿಲ್ಲ ಎಂಬುದನ್ನೂ ಹೇಳಬೇಕು. ಕರ್ನಾಟಕ ಸರ್ಕಾರ ಹಿಂದೆ ತನ್ನ ಸುತ್ತೋಲೆಗಳ ಮೂಲಕ ಕೋಟೆಗಾರ ಮೊದಲಾದ ಕೆಲವು ಸಮುದಾಯಗಳನ್ನು ಪರಿಶಿಷ್ಟ ಪಟ್ಟಿಯಲ್ಲಿದ್ದ ಜಾತಿಗಳ ಪರ್ಯಾಯ ಹೆಸರುಗಳೆಂದು ಪರಿಗಣಿಸಿತ್ತು. ಆ ಪಟ್ಟಿಗೆ ಒಂದಕ್ಷರ ಸೇರಿಸುವ ಅಧಿಕಾರವೂ ರಾಜ್ಯಕ್ಕಿಲ್ಲ, ಅದು ಸಂಸತ್ತಿನದು. ಆ ಪ್ರಮಾಣಪತ್ರಗಳ ಮೇಲೆ ಕೆನರಾ ಬ್ಯಾಂಕ್ ಮೊದಲಾದ ಕಡೆ ಸೇರಿದವರಿಗೆ ದಶಕಗಳ ನಂತರ ನೋಟಿಸು ಬಂತು. 2024ರ ಆಗಸ್ಟ್ 28ರಂದು ಸುಪ್ರೀಂ ಕೋರ್ಟ್ ಅವರ ನೌಕರಿಯನ್ನು ಉಳಿಸಿತು. ಅವರು ಯಾವ ದಾಖಲೆಯನ್ನೂ ಸೃಷ್ಟಿಸಿರಲಿಲ್ಲ; ಸರ್ಕಾರ ಅಂದು ಕೊಟ್ಟದ್ದನ್ನು ಪಡೆದಿದ್ದರು. ಇನ್ನು ಮುಂದೆ ಅವರು ಸಾಮಾನ್ಯ ವರ್ಗದವರೆಂದೇ ಪರಿಗಣಿತರು. ನಕಲಿ ಅಂಕಪಟ್ಟಿ ಕೊಟ್ಟವರು ಈ ತೀರ್ಪಿನ ನೆರಳಿನಲ್ಲಿ ನಿಲ್ಲಲಾರರು.

ನಾನು ಒಮ್ಮೆ ಇಂಥ ಪ್ರಕರಣದ ವಿಚಾರಣಾಧಿಕಾರಿಯಾಗಿದ್ದೆ. 2003ನೆಯ ಇಸವಿ, ಜಿಲ್ಲೆ, ಕಚೇರಿ ಯಾವುವೆಂಬುದು ಇಲ್ಲಿ ಬೇಡ. ಎಸ್‌ಎಸ್‌ಎಲ್‌ಸಿ ಅಂಕಗಳ ಆಧಾರದ ಮೇಲೆ 1984ರಲ್ಲಿ ನೇಮಕವಾಗಿದ್ದ ಗುಮಾಸ್ತರೊಬ್ಬರ ಮೇಲೆ ಮೂಗರ್ಜಿ ಬಂದಿತ್ತು. ಮೂಗರ್ಜಿಗಳನ್ನು ನಾವು ಸಾಮಾನ್ಯವಾಗಿ ಫೈಲಿಗೆ ಸೇರಿಸಿ ಸುಮ್ಮನಾಗುತ್ತೇವೆ. ಇದರಲ್ಲಿ ಅಂಕಪಟ್ಟಿಯ ನೋಂದಣಿ ಸಂಖ್ಯೆಯನ್ನೇ ಬರೆದಿದ್ದರು. ಪರೀಕ್ಷಾ ಮಂಡಳಿಗೆ ಪತ್ರ ಹೋಯಿತು, ಏಳು ತಿಂಗಳ ನಂತರ ಒಂದು ಸಾಲಿನ ಉತ್ತರ ಬಂತು. ಆ ಸಂಖ್ಯೆ ಅದೇ ವರ್ಷ ಅನುತ್ತೀರ್ಣನಾದ ಬೇರೊಬ್ಬ ವಿದ್ಯಾರ್ಥಿಯದು.

ಆ ಗುಮಾಸ್ತರು ಕಚೇರಿಯ ಒಳ್ಳೆಯ ಕೆಲಸಗಾರರಲ್ಲಿ ಒಬ್ಬರು ಎಂಬುದು ನನ್ನ ಕಷ್ಟವಾಗಿತ್ತು. ಅವರ ಟಿಪ್ಪಣಿ ಅಚ್ಚುಕಟ್ಟು, ಹಣದ ವಿಷಯದಲ್ಲಿ ಕೈ ಶುದ್ಧ. ವಿಚಾರಣೆಯಲ್ಲಿ ಅವರು ಸುಳ್ಳು ಹೇಳಲಿಲ್ಲ. ಗಣಿತದಲ್ಲಿ ಎರಡು ಬಾರಿ ಫೇಲಾಗಿದ್ದು, ಸೋದರಮಾವ ಎಲ್ಲಿಂದಲೋ ಕಾಗದ ತಂದದ್ದು, ಹತ್ತೊಂಬತ್ತು ವರ್ಷ ಪ್ರತಿ ಟಪಾಲನ್ನೂ ನಡುಗುತ್ತ ತೆರೆದದ್ದು ಎಲ್ಲವನ್ನೂ ಹೇಳಿದರು. ಮರುದಿನ ಅವರ ಹೆಂಡತಿ ಇಬ್ಬರು ಹೆಣ್ಣುಮಕ್ಕಳೊಂದಿಗೆ ನನ್ನ ವಸತಿಗೃಹದ ಗೇಟಿನ ಬಳಿ ನಿಂತಿದ್ದರು. ನಾನು ಹೊರಗೆ ಹೋಗಲಿಲ್ಲ. ಆರೋಪ ಸಾಬೀತಾಗಿದೆ ಎಂದು ವರದಿ ಬರೆದೆ. ಅವರು ವಜಾ ಆದರು. ಸೇವೆಯಿಂದ ತೆಗೆದುಹಾಕುವುದಕ್ಕೂ ವಜಾಕ್ಕೂ ನಮ್ಮ ನಿಯಮಗಳಲ್ಲಿ ವ್ಯತ್ಯಾಸವಿದೆ. ವಜಾ ಆದವನಿಗೆ ಸಾಮಾನ್ಯವಾಗಿ ಮತ್ತೆ ಸರ್ಕಾರಿ ಕೆಲಸ ಇಲ್ಲ. ಸೋದರಮಾವ ಅಷ್ಟರಲ್ಲಿ ತೀರಿಕೊಂಡಿದ್ದ. ಕಾಗದ ಕೊಟ್ಟವನು ಯಾರೆಂದು ಯಾರೂ ಹುಡುಕಲಿಲ್ಲ.

ವರದಿ ಬರೆಯುವಾಗ 1984ರ ಆಯ್ಕೆ ಪಟ್ಟಿಯನ್ನು ತರಿಸಿಕೊಂಡಿದ್ದೆ. ಅಂಚು ಹರಿದ ಬೆರಳಚ್ಚಿನ ಹಾಳೆ. ಕೊನೆಯ ಆಯ್ಕೆಯಾದ ಹೆಸರಿನ ಕೆಳಗೆ ಒಂದು ಗೆರೆ, ಗೆರೆಯ ಕೆಳಗೆ ಆಯ್ಕೆಯಾಗದವರ ಹೆಸರುಗಳು. ಅವುಗಳಲ್ಲಿ ಮೊದಲನೆಯದರ ವಿಳಾಸ ಗಂಗಾವತಿ ತಾಲ್ಲೂಕಿನ ಒಂದು ಹಳ್ಳಿ, ನನ್ನ ಕಡೆಯದೇ. ಅದು ನನ್ನ ವಿಚಾರಣೆಯ ವ್ಯಾಪ್ತಿಗೆ ಬರುತ್ತಿರಲಿಲ್ಲ, ವರದಿಯಲ್ಲಿ ಆ ಹೆಸರಿಗೆ ಸ್ಥಳವೂ ಇರಲಿಲ್ಲ. ಆದರೆ ರಜೆಯಲ್ಲಿ ಊರಿಗೆ ಬಂದಾಗ ಕೇಳಿಕೊಂಡು ಹೋದೆ. ಅಕ್ಕಿ ಗಿರಣಿಯೊಂದರಲ್ಲಿ ಲೆಕ್ಕ ಬರೆಯುತ್ತಿದ್ದರು. ವಯಸ್ಸು ನಲವತ್ತರ ಆಸುಪಾಸು, ಕನ್ನಡಕದ ಮೇಲೆ ತೌಡಿನ ಧೂಳು. ನಾನು ಹೇಳಿದ್ದನ್ನು ಪೂರ್ತಿ ಕೇಳಿ, ಪೆನ್ನಿನ ಟೋಪಿ ಹಾಕಿಟ್ಟು ಅವರು ಹೇಳಿದ್ದು ಇಷ್ಟು: "ಸಾಹೇಬ್ರ, ನನಗ ನಾಕು ಮಾರ್ಕ್ಸ್ ಕಡಿಮಿ ಬಿದ್ದುವು ಅಂತ ಇಷ್ಟು ವರ್ಷ ತಿಳಕೊಂಡಿದ್ದೆ." ನಂತರ ಚಹಾ ತರಿಸಿದರು. ಅವರಿಗೆ ಹೇಳಬಾರದಿತ್ತೇನೋ ಎಂದು ಇಂದಿಗೂ ಅನ್ನಿಸುತ್ತದೆ. ನನ್ನ ಮನಸ್ಸಿನ ಭಾರ ಇಳಿಸಿಕೊಳ್ಳಲು ನಾನು ಹೋಗಿದ್ದೆ. ಅವರಿಗೆ ಕೊಡಲು ನನ್ನ ಬಳಿ ಏನೂ ಇರಲಿಲ್ಲ.

ನಮ್ಮ ಕಾನೂನಿನ ದೊಡ್ಡ ಕೊರತೆ ಇದೇ ಎಂಬುದು ನನ್ನ ಅಭಿಪ್ರಾಯ. ಅದು ಈ ವ್ಯಾಜ್ಯದಲ್ಲಿ ಇಬ್ಬರನ್ನು ಮಾತ್ರ ಕಾಣುತ್ತದೆ: ವಂಚಿತವಾದ ಸರ್ಕಾರ ಮತ್ತು ವಂಚಿಸಿದ ನೌಕರ. ಸರ್ಕಾರ ನಿಜವಾಗಿ ಕಳೆದುಕೊಂಡದ್ದೇನು? ಆ ಗುಮಾಸ್ತರು ಸಂಬಳಕ್ಕೆ ಸರಿಯಾಗಿ ದುಡಿದಿದ್ದರು. ಕಳೆದುಕೊಂಡವರು ಗೆರೆಯ ಕೆಳಗಿನ ಹೆಸರಿನವರು. ಅವರಿಗೆ ನೋಟಿಸು ಹೋಗುವುದಿಲ್ಲ, ವಿಚಾರಣೆಯಲ್ಲಿ ಅವರಿಗೆ ಕುರ್ಚಿ ಇಲ್ಲ, ತಮಗೆ ಅನ್ಯಾಯವಾಗಿದೆ ಎಂಬುದೇ ಅವರಿಗೆ ಗೊತ್ತಿರುವುದಿಲ್ಲ. ವಂಚನೆ ಬಯಲಾಗುವ ಹೊತ್ತಿಗೆ ಆಯ್ಕೆ ಪಟ್ಟಿಯ ಅವಧಿ ಮುಗಿದಿರುತ್ತದೆ, ಅವರ ವಯೋಮಿತಿ ಮೀರಿರುತ್ತದೆ. ತೆರವಾದ ಹುದ್ದೆ ಹೊಸ ಅಧಿಸೂಚನೆಯ ಮೂಲಕ ಇನ್ನಾರಿಗೋ ಹೋಗುತ್ತದೆ.

ಇದಕ್ಕೆ ಏನೂ ಮಾಡಲಾಗದೆಂದಲ್ಲ. ದಾಖಲೆಯ ವಂಚನೆ ಸಾಬೀತಾದ ಪ್ರಕರಣದಲ್ಲಿ ಅದೇ ಪಟ್ಟಿಯ ಮುಂದಿನ ಅರ್ಹ ಅಭ್ಯರ್ಥಿಗೆ ವಯೋಮಿತಿ ಸಡಿಲಿಸಿ ಹುದ್ದೆ ನೀಡಬೇಕೆಂಬ ಒಂದು ನಿಯಮವನ್ನು ನೇಮಕಾತಿ ನಿಯಮಗಳಿಗೆ ಸೇರಿಸಬಹುದು. ಹತ್ತು ವರ್ಷದೊಳಗೆ ಬಯಲಾದ ಪ್ರಕರಣಗಳಿಗಾದರೂ ಅದು ಸಾಧ್ಯ. ಕ್ರಿಮಿನಲ್ ನ್ಯಾಯಾಲಯ ವಿಧಿಸಿದ ಜುಲ್ಮಾನೆಯಿಂದ ನಷ್ಟಕ್ಕೊಳಗಾದವನಿಗೆ ಪರಿಹಾರ ಕೊಡಿಸುವ ಅಧಿಕಾರ ದಂಡ ಪ್ರಕ್ರಿಯಾ ಸಂಹಿತೆಯ 357ನೆಯ ಕಲಮಿನಲ್ಲಿತ್ತು. ಇಂದಿನ ನಾಗರಿಕ ಸುರಕ್ಷಾ ಸಂಹಿತೆಯ 395ರಲ್ಲೂ ಇದೆ. ಪಟ್ಟಿಯ ಮುಂದಿನ ಹೆಸರನ್ನು ಆ ಕಲಮಿನ ಅರ್ಥದಲ್ಲಿ ನಷ್ಟಕ್ಕೊಳಗಾದವರೆಂದು ಪ್ರಾಸಿಕ್ಯೂಷನ್ ಏಕೆ ವಾದಿಸಬಾರದು? ಹಣಕಾಸು ಇಲಾಖೆಯ ನನ್ನ ಹಳೆಯ ಮಿತ್ರರು ಇದನ್ನು ಓದಿ ಹುಬ್ಬೇರಿಸುವುದು ನನಗೆ ಗೊತ್ತು.

ಶಿಕ್ಷೆಯನ್ನು ಇನ್ನಷ್ಟು ಹೆಚ್ಚಿಸಿ ಎಂಬ ಕೂಗಿಗೆ ನಾನು ದನಿಗೂಡಿಸಲಾರೆ. ಬೆಕರ್ ಲೆಕ್ಕದಲ್ಲಿ ಎರಡು ಅಂಶಗಳಿವೆ. ಒಂದು ಶಿಕ್ಷೆಯ ಪ್ರಮಾಣ, ಇನ್ನೊಂದು ಸಿಕ್ಕಿಬೀಳುವ ಸಂಭವ. ನಾವು ಮೊದಲನೆಯದನ್ನೇ ಎಳೆಯುತ್ತೇವೆ. ಎರಡನೆಯದಕ್ಕೆ ಬೇಕಾದದ್ದು ಕಾಗದ ಬಂದ ವಾರದಲ್ಲೇ ಅದನ್ನು ಕೊಟ್ಟ ಸಂಸ್ಥೆಯಿಂದ ಖಚಿತಪಡಿಸಿಕೊಳ್ಳುವ ಒಬ್ಬ ಶ್ರದ್ಧೆಯ ಗುಮಾಸ್ತ. ಜಾತಿ ಪ್ರಮಾಣಪತ್ರದಲ್ಲಿ ಕರ್ನಾಟಕ ಇದನ್ನು ಒಂದು ಮಟ್ಟಿಗೆ ಸಾಧಿಸಿದೆ. 1990ರ ಮೀಸಲಾತಿ ಕಾಯ್ದೆ ಮತ್ತು ಅದರ ನಿಯಮಗಳಡಿ ಜಿಲ್ಲಾಧಿಕಾರಿಯ ಅಧ್ಯಕ್ಷತೆಯ ಸಮಿತಿ ಸಿಂಧುತ್ವ ಪ್ರಮಾಣಪತ್ರ ಕೊಟ್ಟ ಮೇಲೆಯೇ ನೇಮಕಾತಿ ಆದೇಶ ಹೊರಡಬೇಕು. ಆ ಶಿಸ್ತು ಅಂಕಪಟ್ಟಿಗೆ ಏಕಿಲ್ಲ? ಪರೀಕ್ಷಾ ಮಂಡಳಿಗಳ ದಾಖಲೆ ಈಗ ಡಿಜಿಲಾಕರ್‌ನಲ್ಲಿ ಸಿಗುತ್ತಿರುವಾಗ, ನನ್ನ ಕಾಲದ ಏಳು ತಿಂಗಳ ಪತ್ರ ವ್ಯವಹಾರ ಏಳು ನಿಮಿಷದ ಕೆಲಸ. ಹೊರರಾಜ್ಯದ ಮಂಡಳಿಗಳಲ್ಲಿ ತುಸು ತಡವಾದೀತು, ಆದೇಶವೂ ತಡವಾಗಲಿ.

ನಮ್ಮ ಕೊಪ್ಪಳ ಜಿಲ್ಲೆಗೆ ಈ ಮಾತು ಹೆಚ್ಚು ಅನ್ವಯಿಸುತ್ತದೆ. 371ಜೆ ವಿಧಿಯಡಿ 2013ರಲ್ಲಿ ಬಂದ ಆದೇಶ ಇಲ್ಲಿನ ಸಿ ಗುಂಪಿನ ಹುದ್ದೆಗಳಲ್ಲಿ ನೂರಕ್ಕೆ 80, ಡಿ ಗುಂಪಿನಲ್ಲಿ 85ರಷ್ಟನ್ನು ಸ್ಥಳೀಯರಿಗೆ ಮೀಸಲಿಟ್ಟಿದೆ. ದಶಕಗಳ ಹೋರಾಟದ ಫಲ ಅದು. ಉಪವಿಭಾಗಾಧಿಕಾರಿ ಕೊಡುವ ಒಂದು ಅರ್ಹತಾ ಪತ್ರಕ್ಕೆ ಅಂದಿನಿಂದ ಬಂದ ಬೆಲೆ ಹಿಂದೆಂದೂ ಇರಲಿಲ್ಲ. ಬೆಲೆಯಿರುವ ಕಾಗದಕ್ಕೆ ನಕಲು ಹುಟ್ಟುವುದು ಅರ್ಥಶಾಸ್ತ್ರದ ಮೊದಲ ಪಾಠ.

ಈಗಾಗಲೇ ಒಳಗೆ ಕುಳಿತವರನ್ನು ಏನು ಮಾಡುವುದು? ಬಿಹಾರದಲ್ಲಿ 2015ರಲ್ಲಿ ಪಟ್ನಾ ಹೈಕೋರ್ಟ್ ಒಂದು ಉಪಾಯ ಮಾಡಿತು. ನಕಲಿ ಪ್ರಮಾಣಪತ್ರದ ಶಿಕ್ಷಕರು ಗಡುವಿನೊಳಗೆ ತಾವಾಗಿ ರಾಜೀನಾಮೆ ಕೊಟ್ಟರೆ ಕ್ರಮವಿಲ್ಲ, ಮುಂದುವರಿದು ಸಿಕ್ಕಿಬಿದ್ದರೆ ಬಿಡುವುದಿಲ್ಲ ಎಂದಿತು. ಸಾವಿರಕ್ಕೂ ಹೆಚ್ಚು ಶಿಕ್ಷಕರು ರಾಜೀನಾಮೆ ಸಲ್ಲಿಸಿದರು. ಕಟ್ಟುನಿಟ್ಟಿನ ಮನಸ್ಸಿಗೆ ಇದು ಒಪ್ಪಿಗೆಯಾಗದಿರಬಹುದು. ಆದರೆ ಒಂದೊಂದು ಮೂಗರ್ಜಿಗೂ ಹತ್ತೊಂಬತ್ತು ವರ್ಷ ಕಾಯುವ ನಮ್ಮ ಪದ್ಧತಿಗಿಂತ ಅದರಲ್ಲಿ ಹುದ್ದೆಗಳು ಬೇಗ ತೆರವಾದವು, ತರಗತಿಯಲ್ಲಿ ಕುಳಿತ ಮಕ್ಕಳಿಗೂ ಅಷ್ಟು ಬೇಗ ಬಿಡುಗಡೆ ಸಿಕ್ಕಿತು.

ನೆರೆಯವರಿಗೆ ಇವೆಲ್ಲವನ್ನೂ ಎರಡು ಮೂರು ಸಂಜೆಗಳಲ್ಲಿ ಹೇಳಿದೆ. ಕಲಮುಗಳ ವಿವರ ಅವರಿಗೆ ಅಷ್ಟಾಗಿ ತಟ್ಟಿದಂತೆ ಕಾಣಲಿಲ್ಲ. ಜಲಸಂಪನ್ಮೂಲ ಇಲಾಖೆಯ ಬಂಧನಗಳ ಸುದ್ದಿಯನ್ನು ಅವರು ಮೊದಲೇ ಕೇಳಿದ್ದರು. ತಮ್ಮ ದಲ್ಲಾಳಿ ಅವರಂಥವನಲ್ಲ ಎಂಬುದು ಅವರ ನಂಬಿಕೆಯಾಗಿತ್ತು. ಅಕ್ಕಿ ಗಿರಣಿಯವರ ಕಥೆ ಹೇಳಿದಾಗ ಮಾತ್ರ ಸ್ವಲ್ಪ ಹೊತ್ತು ಸುಮ್ಮನಿದ್ದು, ಆ ಮನುಷ್ಯನ ಊರು ಯಾವುದೆಂದು ಕೇಳಿದರು. ಹೇಳಿದೆ. ಅವರಿಗೆ ಆ ಊರಿನಲ್ಲಿ ಬೀಗರಿದ್ದಾರೆ.

ಮಗ ಈಗ ಗಂಗಾವತಿಗೆ ಸ್ಪರ್ಧಾತ್ಮಕ ಪರೀಕ್ಷೆಯ ತರಬೇತಿಗೆ ಹೋಗುತ್ತಿದ್ದಾನೆ. ಬೆಳಗಿನ ಬಸ್ಸಿಗೆ ಕಾಯುವುದನ್ನು ನೋಡುತ್ತಿರುತ್ತೇನೆ. ದಲ್ಲಾಳಿಯ ವಿಷಯ ನಾನು ಮತ್ತೆ ಕೇಳಿಲ್ಲ, ಅವರೂ ಹೇಳಿಲ್ಲ. ಕಳೆದ ವಾರ ಆ ಎರಡು ಎಕರೆಯಲ್ಲಿ ನಾಟಿ ನಡೆದಿತ್ತು.